ನಮ್ಮ ಮನೆಯ ‘ನೀವು’

ಹುಡುಗರು ಒಟ್ಟಿಗೆ ಬಾಡಿಗೆಗಿರುವ ಮನೆಯಲ್ಲಿ ಒಂದು ಕಾನೂನಿದೆ. ಮನೆ ಬಿಟ್ಟು ಹೋಗುವವನೇ ತನ್ನ ಜಾಗಕ್ಕೆ ಇನ್ನೊಬ್ಬನನ್ನು ಹುಡುಕಿಕೊಡಬೇಕು. ಎಲ್ಲಾ ಅಡ್ವಾನ್ಸಿನ ಮಹಿಮೆ. 2003ರಲ್ಲಿ ಹನುಮಂತನಗರದ ನಮ್ಮ ಮನೆಗೆ ಬಾಡಿಗೆ 4,500 ರೂಪಾಯಿ. ಬೆಂಗಳೂರಿನ ಪದ್ಧತಿಯಂತೆ ಹತ್ತು ತಿಂಗಳ ಅಡ್ವಾನ್ಸು, ಅಂದರೆ 45,000. ಐದು ಜನಕ್ಕೆ ತಲಾ 9,000. ಎಲ್ಲರೂ ಖಾಲಿ ಮಾಡಿದ ಮೇಲೆಯೇ ಓನರ್ ಅದನ್ನು ವಾಪಸ್ ಕೊಡುವುದು, ಅದೂ ಸುಣ್ಣಬಣ್ಣದ ಲೆಕ್ಕಕ್ಕೆ ಒಂದು ತಿಂಗಳ ಬಾಡಿಗೆ ಮುರಿದುಕೊಂಡು. ಹಾಗಾಗಿ ನಡುವೆ ಹೋಗುವವನು ತನ್ನ ದುಡ್ಡನ್ನು ಬರುವವನಿಂದ ವಸೂಲಿ ಮಾಡಿಕೊಳ್ಳಬೇಕು.

ಇದರಲ್ಲಿರುವ ತಮಾಷೆ ನೋಡಿ. ನಾವು ಯಾರ ಪಕ್ಕದಲ್ಲಿ ಮಲಗಬೇಕು, ಯಾರ ಗೊರಕೆ ಕೇಳಬೇಕು ಅಂತ ತೀರ್ಮಾನ ಮಾಡುವವನು ನಾಳೆಯಿಂದ ಆ ಮನೆಯಲ್ಲೇ ಇರುವುದಿಲ್ಲ. ಅವನಿಗೆ ಬೇಕಾದದ್ದು ಒಂಬತ್ತು ಸಾವಿರ. ಗುಣ, ನಡತೆ, ಸಾಕ್ಸು ಎಷ್ಟು ದಿನಕ್ಕೊಮ್ಮೆ ಒಗೆಯುತ್ತಾನೆ ಅನ್ನುವುದೆಲ್ಲ ನಮ್ಮ ಹಣೆಬರಹ. ಹೆಣ್ಣು ನೋಡಲು ಹೋದವರಾದರೂ ನಾಲ್ಕು ಪ್ರಶ್ನೆ ಕೇಳುತ್ತಾರೆ, ಉಪ್ಪಿಟ್ಟು ತಿನ್ನುತ್ತಾರೆ. ನಮಗೆ ಅದೂ ಇರಲಿಲ್ಲ.

ಈಗಿನ ಪಿ.ಜಿ. ಹುಡುಗರಿಗೆ ಇದು ಅರ್ಥವಾಗುವುದು ಕಷ್ಟ. ಅಲ್ಲಿ ಹೊಸಬನನ್ನು ತಂದು ಹಾಕುವವರು ಮಾಲೀಕರು. ತ್ರೀ ಶೇರಿಂಗ್, ಫೋರ್ ಶೇರಿಂಗ್, ಗೋಡೆಗೆ ಒಂದು ಕಬ್ಬಿಣದ ಕಪಾಟು, ವೈಫೈ ಪಾಸ್‌ವರ್ಡು. ಪಕ್ಕದ ಮಂಚದವನು ಯಾರು ಅಂತ ತಿಳಿಯುವ ಮೊದಲೇ ಅವನು ಬೇರೆ ಕಂಪನಿ ಸೇರಿ ಹೋಗಿರುತ್ತಾನೆ. ನಮ್ಮದು ಹಾಗಲ್ಲ. ಒಂದೇ ಗ್ಯಾಸು, ಒಂದೇ ಕುಕ್ಕರು, ಒಂದೇ ಬಚ್ಚಲು. ಅದರ ನಡುವೆ ಹೊಸಬ ಬಂದರೆ ಶಿವಪೂಜೆಯಲ್ಲಿ ಕರಡಿ ಬಿಟ್ಟ ಹಾಗೆ.

ನಮ್ಮ ಮನೆಯಲ್ಲಿ ಯಾರಿಗೂ ಹೆಸರಿರಲಿಲ್ಲ. ಊರಿತ್ತು. ಹಾಸನ, ಶಿರಸಿ, ಬಳ್ಳಾರಿ, ಕೋಲಾರ. ನಾನು ಕಡೂರು. “ಲೋ ಹಾಸನ, ಹಾಲು ಉಕ್ತಾ ಇದೆ ನೋಡೋ” ಅಂತ ಕೂಗಿದರೆ ಇಡೀ ಜಿಲ್ಲೆಗೆ ಎಚ್ಚರಿಕೆ ಕೊಟ್ಟ ಹಾಗೆ ಕೇಳಿಸುತ್ತಿತ್ತು. ಕೋಲಾರಕ್ಕೆ ಪುಣೆಯಲ್ಲಿ ಕೆಲಸ ಸಿಕ್ಕಿತು. ಆಗಸ್ಟ್ ತಿಂಗಳ ಒಂದು ಜಿಟಿಜಿಟಿ ಮಳೆಯ ಸಂಜೆ ಅವನು ತನ್ನ ಬದಲಿಗೆ ಒಬ್ಬರನ್ನು ಕರೆದುಕೊಂಡು ಬಂದ.

ಒಬ್ಬರನ್ನು. ಬಹುವಚನ ತಾನಾಗಿಯೇ ಬರುತ್ತದೆ, ಏನು ಮಾಡಲಿ? ನಮಗೆಲ್ಲ ಇಪ್ಪತ್ನಾಲ್ಕು, ಇಪ್ಪತ್ತೈದು. ಅವರಿಗೆ ನಲವತ್ತೈದು ದಾಟಿತ್ತು. ಕೈಯಲ್ಲಿ ಒಂದು ಟ್ರಂಕು, ಕಂಕುಳಲ್ಲಿ ಸುತ್ತಿದ ಹಾಸಿಗೆ, ಮೊಣಕೈಗೆ ನೇತುಹಾಕಿದ ಕೊಡೆ. ಬಾಗಿಲು ತೆರೆದೇ ಇತ್ತು. ಆದರೂ ಹೊಸ್ತಿಲಾಚೆ ನಿಂತು, “ನಮಸ್ಕಾರ, ಒಳಗೆ ಬರಬಹುದಾ?” ಅಂತ ಕೇಳಿದರು. ಬಳ್ಳಾರಿ ಬರೀ ಟವಲ್ಲಿನಲ್ಲಿ ಕೂತು ಚುರುಮುರಿ ತಿನ್ನುತ್ತಿದ್ದ. ಆ ಮನೆಯೊಳಗೆ ಬರಲು ಅದುವರೆಗೆ ಬೆಕ್ಕಾಗಲಿ ಮನುಷ್ಯರಾಗಲಿ ಅಪ್ಪಣೆ ಕೇಳಿದ್ದಿಲ್ಲ. ಬಳ್ಳಾರಿ ಗಾಬರಿಯಾಗಿ ಎದ್ದುನಿಂತ. ಹಾಗೆ ಎದ್ದು ನಿಲ್ಲಬಾರದಿತ್ತು, ಟವಲ್ಲು ಅಷ್ಟು ಭದ್ರವಾಗಿರಲಿಲ್ಲ.

ಕೋಲಾರ ಒಂಬತ್ತು ಸಾವಿರ ಎಣಿಸಿಕೊಂಡ. ಹೋಗುವಾಗ ನನ್ನ ಕಿವಿಯಲ್ಲಿ, “ಒಳ್ಳೆ ಮನುಷ್ಯ ಮಗಾ, ಮಾತು ಸ್ವಲ್ಪ ಕಮ್ಮಿ” ಅಂದ. “ಏನು ಕೆಲಸ?” ಅಂದೆ. “ಅದೇ ಏನೋ, ಚಾಮರಾಜಪೇಟೆ ಕಡೆ” ಅಂದ. ಚಾಮರಾಜಪೇಟೆ ಕಡೆ ಅನ್ನುವುದು ಒಂದು ಉದ್ಯೋಗ ಅಂತ ನನಗೆ ಅವತ್ತೇ ಗೊತ್ತಾಗಿದ್ದು.

ಮೊದಲ ರಾತ್ರಿಯೇ ಕಸಿವಿಸಿ ಶುರುವಾಯಿತು. ಊಟಕ್ಕೆ ಕೂತಾಗ ಅವರು ಹಾಸನನನ್ನು ನೋಡಿ, “ನೀವು ಇನ್ನೊಂದು ಸೌಟು ಹಾಕಿಕೊಳ್ಳಿ” ಅಂದರು. ಹಾಸನ ಹಿಂದೆ ತಿರುಗಿ ನೋಡಿದ. ಯಾರೂ ಇರಲಿಲ್ಲ. ‘ನೀವು’ ಅಂದರೆ ತಾನೇ ಅಂತ ಅವನಿಗೆ ಹೊಳೆಯಲು ಸ್ವಲ್ಪ ಹೊತ್ತು ಹಿಡಿಯಿತು.

ಲೋ, ಲೇ, ಮಗಾ, ಗುರೂ, ಇವಿಷ್ಟರಲ್ಲೇ ಎರಡು ವರ್ಷ ಬದುಕಿದ ಮನೆ ಅದು. ‘ನೀನು’ ಅಂದರೇನೇ ಸ್ವಲ್ಪ ಸಿಟ್ಟಾಗಿದ್ದಾನೆ ಅಂತ ಅರ್ಥ. ಅಲ್ಲಿಗೆ ‘ನೀವು’ ಬಂದು ಕೂತಿತು. ಅದರ ಕೆಲಸ ನಿಧಾನ. ಜೋರಾಗಿ ಬೈಯುವವನನ್ನು ತಿರುಗಿ ಬೈಯಬಹುದು. “ನೀವು ಸ್ನಾನ ಮುಗಿಸಿದಿರಾ? ನಾನು ಹೋಗಬಹುದಾ?” ಅನ್ನುವವರನ್ನು ಏನು ಮಾಡುವುದು? ಒಂದು ವಾರದಲ್ಲಿ ಬಳ್ಳಾರಿ ಬನಿಯನ್ ಹಾಕಿಕೊಳ್ಳಲು ಶುರು ಮಾಡಿದ. ಎರಡನೇ ವಾರ ಶಿರಸಿ ಕಫ ಉಗಿಯಲು ಹಿತ್ತಲಿಗೆ ಹೋದ. ಯಾರೂ ಹೇಳಿರಲಿಲ್ಲ. ನಾವು ನಮ್ಮ ನಮ್ಮಲ್ಲೇ ಬೈದಾಡುವಾಗಲೂ ದನಿ ತಗ್ಗಿತು. ತಗ್ಗಿದ ದನಿಯಲ್ಲಿ ಬೈದರೆ ಬೈಗುಳಕ್ಕೆ ರುಚಿಯೇ ಇರುವುದಿಲ್ಲ, ಉಪ್ಪಿಲ್ಲದ ಚಿತ್ರಾನ್ನ.

ಅವರಿಗೆ ನಾವು ಊರಿನ ಹೆಸರಿಡಲಿಲ್ಲ. ಊರು ಯಾವುದು ಅಂತ ಕೇಳಲು ಧೈರ್ಯ ಬರಲಿಲ್ಲ. ಎದುರಿಗೆ ‘ಸಾರ್’. ಹಿಂದೆ ‘ನೀವು’. “ನೀವು ಬಂದ್ರಾ?” ಅಂತ ಒಬ್ಬ ಕೇಳಿದರೆ, “ನೀವು ಇನ್ನೂ ಬಂದಿಲ್ಲ” ಅಂತ ಇನ್ನೊಬ್ಬ ಹೇಳುತ್ತಿದ್ದ. ಹೊರಗಿನವರು ಕೇಳಿದರೆ ತಲೆ ಕೆಟ್ಟಿದೆ ಅನ್ನಬೇಕು.

“ಹೊಸದರಲ್ಲಿ ಅಗಸ ಗೋಣಿ ಎತ್ತಿ ಎತ್ತಿ ಒಗೆದ” ಅಂತ ಗಾದೆಯಿದೆಯಲ್ಲ, ನಾವು ಅದನ್ನೇ ನಂಬಿಕೊಂಡಿದ್ದೆವು. ಕುಡಿದ ಲೋಟ ಆಗಲೇ ತೊಳೆದಿಡುವುದು, ಚಪ್ಪಲಿಗಳನ್ನು ಜೋಡಿ ಮಾಡಿಡುವುದು, ಪೇಪರನ್ನು ಓದಿ ಮತ್ತೆ ಪುಟದ ಕ್ರಮದಲ್ಲಿ ಮಡಿಸಿಡುವುದು, ಇವೆಲ್ಲ ಒಂದು ತಿಂಗಳಲ್ಲಿ ಇಳಿಯುತ್ತದೆ ಅಂತ. ಗಣೇಶನ ಹಬ್ಬ ಬಂತು, ದಸರಾ ಬಂತು. ಗೋಣಿ ಎತ್ತುವುದು ನಿಲ್ಲಲಿಲ್ಲ.

ತಪ್ಪು ಮಾಡದ ಮನುಷ್ಯನ ಬಗ್ಗೆ ಅನುಮಾನ ಜಾಸ್ತಿ. ನಲವತ್ತೈದು ದಾಟಿದವರು ಹುಡುಗರ ಜೊತೆ ಯಾಕಿರುತ್ತಾರೆ? ಹಾಸನನ ಪ್ರಕಾರ ಅವರು ಸಿ.ಐ.ಡಿ. ಯಾಕೆಂದರೆ ಜೇಬಿನಲ್ಲಿ ಯಾವಾಗಲೂ ಒಂದು ಪೆನ್ಸಿಲ್ ಇರುತ್ತದೆ. ಸಿ.ಐ.ಡಿ.ಗಳು ನಮ್ಮಂಥವರ ಮನೆಯಲ್ಲಿ ಏನು ಪತ್ತೆ ಮಾಡಲು ಬರುತ್ತಾರೆ ಅಂದರೆ ಅವನ ಬಳಿ ಉತ್ತರವಿಲ್ಲ. ಬಳ್ಳಾರಿ ಹೇಳುವಂತೆ ಅವರು ಸಸ್ಪೆಂಡ್ ಆದ ಗುಮಾಸ್ತ, ಮನೆಯವರಿಗೆ ಹೇಳಲಾಗದೆ ದಿನಾ ಡ್ರೆಸ್ ಮಾಡಿಕೊಂಡು ಲಾಲ್‌ಬಾಗಿನಲ್ಲಿ ಕೂತು ಬರುತ್ತಾರೆ. ಶಿರಸಿ ಮಾತ್ರ ಏನೂ ಹೇಳದೆ ತಲೆಯಾಡಿಸುತ್ತಿದ್ದ. ಅವನು ತಲೆಯಾಡಿಸಿದರೆ ಹೆಂಡತಿ ವಿಷಯ ಅಂತ ಅರ್ಥ. ಟ್ರಂಕಿಗೆ ಬೀಗ ಬೇರೆ. ಆ ಮನೆಯಲ್ಲಿ ಬೀಗ ಹಾಕುವಂಥದ್ದು ಏನೂ ಇರದ ನಮಗೆ, ಬೀಗವೇ ಒಂದು ಅವಮಾನ.

ಭಾನುವಾರ ರಾತ್ರಿ ಒಂಬತ್ತಕ್ಕೆ ಅವರು ಕೆಳಗಿನ ಅಂಗಡಿಯ ಕಾಯಿನ್ ಬಾಕ್ಸ್ ಫೋನಿನ ಹತ್ತಿರ ಹೋಗಿ ನಿಲ್ಲುತ್ತಿದ್ದರು. ಅದು ಮೊಬೈಲು ಕೈಗೆ ಬರುತ್ತಿದ್ದ ಕಾಲ. ಒಳಗೆ ಬರುವ ಕರೆಗೂ ದುಡ್ಡು ಕೊಡುವ ಪದ್ಧತಿ ಆ ವರ್ಷದ ಮೇ ತಿಂಗಳಲ್ಲಷ್ಟೇ ನಿಂತಿತ್ತು. ಅವರ ಬಳಿ ಮೊಬೈಲ್ ಇರಲಿಲ್ಲ. ಕಿಟಕಿಯಿಂದ ನಾವು ಸರದಿಯ ಮೇಲೆ ಬಗ್ಗಿ ನೋಡುತ್ತಿದ್ದೆವು. ಒಂದು ರೂಪಾಯಿ ಹಾಕುತ್ತಿದ್ದರು, ಏನೋ ಹೇಳುತ್ತಿದ್ದರು, ಕೇಳುತ್ತಿದ್ದರು, ಇನ್ನೊಂದು ರೂಪಾಯಿ ಹಾಕುತ್ತಿದ್ದರು. ಆಮೇಲೆ ಅಂಗಡಿಯವನಿಂದ ಒಂದು ಬಾಳೆಹಣ್ಣು ಕೊಂಡು ಅಲ್ಲೇ ತಿಂದು, ಸಿಪ್ಪೆಯನ್ನು ಕೈಯಲ್ಲೇ ಹಿಡಿದುಕೊಂಡು ಮೇಲೆ ಬರುತ್ತಿದ್ದರು. ಬೀದಿಯಲ್ಲಿ ಅಷ್ಟು ಜಾಗ ಇಟ್ಟುಕೊಂಡು ಸಿಪ್ಪೆ ಮನೆಗೆ ತರುವವರನ್ನು ಹೇಗೆ ನಂಬುವುದು?

ನಿಜವಾದ ಗಲಾಟೆ ಆದದ್ದು ಲೆಕ್ಕದ ಪುಸ್ತಕದಿಂದ.

ಪ್ರತಿ ಬ್ಯಾಚುಲರ್ ಮನೆಯಲ್ಲಿ ಒಂದಿರುತ್ತದೆ. ನಮ್ಮದು ಇನ್ನೂರು ಪುಟದ ಉದ್ದನೆಯ ನೋಟ್‌ಬುಕ್ಕು, ರಟ್ಟಿನ ಮೇಲೆ ಎಣ್ಣೆಯ ಬೆರಳಚ್ಚು, ಒಗ್ಗರಣೆಯ ಸಾಸಿವೆ ಸಿಡಿದ ಗುರುತು. ಯಾರು ಏನು ತಂದರೋ ಅದನ್ನು ಬರೆಯಬೇಕು. ನಂದಿನಿ ಹಾಲು, ತೊಗರಿಬೇಳೆ, ಗ್ಯಾಸು, ಕೊತ್ತಂಬರಿ. ತಿಂಗಳ ಕೊನೆಗೆ ಕೂಡಿ ಐದರಿಂದ ಭಾಗಿಸಬೇಕು. ಬರೆಯುವುದು ಯಾರಿಗೆ ಯಾವಾಗ ನೆನಪಾಗುತ್ತದೋ ಆಗ. ಕೂಡುವುದು ಹಾಸನ. ಬಿ.ಕಾಂ. ಆಗಿದೆ ಅನ್ನುವ ಒಂದೇ ಕಾರಣಕ್ಕೆ.

ಒಂದು ಬೆಳಿಗ್ಗೆ ಶಿರಸಿ ಪುಸ್ತಕ ತೆಗೆದವನು, “ಇದೇನ್ರೋ?” ಅಂದ. ಎಲ್ಲರೂ ಬಗ್ಗಿದೆವು. ‘ಇರುಳ್ಳಿ’ ಅಂತ ಬರೆದಿದ್ದ ಕಡೆ ‘ಇ’ಗೆ ಸಣ್ಣಗೆ ಒಂದು ಗೆರೆ ಎಳೆದು, ಪಕ್ಕದ ಅಂಚಿನಲ್ಲಿ ‘ಈ’ ಅಂತ ಪೆನ್ಸಿಲ್ಲಿನಲ್ಲಿ ಬರೆದಿತ್ತು. ‘ತೊಗರಿಬೆಳೆ’ಗೆ ಏತ್ವದ ದೀರ್ಘ ಸೇರಿತ್ತು. ‘ಕೊತಂಬರಿ’ಗೆ ತ ಒತ್ತು ಬಂದಿತ್ತು. ‘ಹಾಲು ಮೊಸರು’ ನಡುವೆ ಒಂದು ಅಲ್ಪವಿರಾಮ. ಎರಡು ವರ್ಷದ ಈರುಳ್ಳಿ, ಬೇಳೆ, ಕೊತ್ತಂಬರಿ, ಒಂದೂ ಬಿಟ್ಟಿರಲಿಲ್ಲ. ನಾವು ತಿಂದು ಅರಗಿಸಿಕೊಂಡ ಈರುಳ್ಳಿಯನ್ನು ಆ ಮನುಷ್ಯ ಕೂತು ತಿದ್ದಿದ್ದರು.

ಬರೀ ಕಾಗುಣಿತವಾಗಿದ್ದರೆ ನಕ್ಕು ಬಿಡಬಹುದಿತ್ತು. ಕೂಡಿಸಿದ್ದನ್ನೂ ತಿದ್ದಿದ್ದರು. ಹಾಸನ ದಶಕ ಬಿಟ್ಟಿದ್ದ ಕಡೆ, ಒಂದೇ ಗ್ಯಾಸನ್ನು ಎರಡು ಸಲ ಸೇರಿಸಿದ್ದ ಕಡೆ, ಎಲ್ಲದಕ್ಕೂ ಪೆನ್ಸಿಲ್ಲಿನ ಸಣ್ಣ ಗುರುತು. ಒಟ್ಟಿನಲ್ಲಿ ಹಾಸನ ಶಿರಸಿಗೆ 312 ರೂಪಾಯಿ ಕೊಡಬೇಕು, ಬಳ್ಳಾರಿ ನನಗೆ 140, ನಾನು ಹಾಸನನಿಗೆ 85. ಪುಣೆಗೆ ಹೋದ ಕೋಲಾರ ಎಲ್ಲರಿಗೂ ಕೊಡಬೇಕು.

ಆ ದಿನ ಉಪ್ಪಿಟ್ಟು ಯಾರೂ ಮಾಡಲಿಲ್ಲ. “ನಿನಗೆ ನನ್ನ ಮೇಲೆ ನಂಬಿಕೆ ಇಲ್ವಾ?” ಅಂತ ಹಾಸನ. “ನಂಬಿಕೆ ಇದೆ, ಮುನ್ನೂರಾ ಹನ್ನೆರಡು ಇಲ್ಲ” ಅಂತ ಶಿರಸಿ. ಹಳೆಯದೆಲ್ಲ ಎದ್ದು ಬಂತು. ಯಾರು ತುಪ್ಪ ಜಾಸ್ತಿ ಹಾಕಿಕೊಳ್ಳುತ್ತಾರೆ, ಯಾರ ಊರಿನಿಂದ ಅತಿಥಿಗಳು ಬಂದು ವಾರಗಟ್ಟಲೆ ಇದ್ದರು, ಯಾರು ಮಜ್ಜಿಗೆ ಕುಡಿಯುವುದೇ ಇಲ್ಲ ಆದರೂ ಮೊಸರಿನ ದುಡ್ಡು ಕೊಡುತ್ತಾನೆ. ನಿಜ ಹೇಳಬೇಕೆಂದರೆ ಆ ಮನೆ ಎರಡು ವರ್ಷ ನೆಮ್ಮದಿಯಾಗಿದ್ದದ್ದು ಹಾಸನನ ಕೆಟ್ಟ ಕೂಡುವಿಕೆಯಿಂದ. ಯಾರಿಗೆ ಎಷ್ಟು ಮೋಸವಾಗಿದೆ ಅಂತ ಯಾರಿಗೂ ಗೊತ್ತಿರಲಿಲ್ಲ.

ಸಂಜೆ ಅವರು ಬಂದರು. ಚಪ್ಪಲಿ ಬಿಟ್ಟರು, ಉಳಿದವನ್ನೂ ಜೋಡಿಸಿದರು. ನಮ್ಮ ಮುಖಗಳನ್ನು ನೋಡಿದರು. ಲೆಕ್ಕದ ಪುಸ್ತಕ ನಡುಮನೆಯಲ್ಲಿ ಹೆಣದ ಹಾಗೆ ಬಿದ್ದಿತ್ತು. “ಕ್ಷಮಿಸಿ,” ಅಂದರು, “ಕೈ ತಡೆಯಲಿಲ್ಲ. ಇಪ್ಪತ್ತು ವರ್ಷದ ಅಭ್ಯಾಸ.” ಅವರು ಕರಡು ತಿದ್ದುವವರು. ಚಾಮರಾಜಪೇಟೆಯ ಒಂದು ಪ್ರೆಸ್ಸಿನಲ್ಲಿ ಪ್ರೂಫ್ ರೀಡರ್. ಅಚ್ಚಿನ ಮೊಳೆ ಜೋಡಿಸುವ ಕಾಲದಲ್ಲಿ ಸೇರಿ, ಕಂಪ್ಯೂಟರ್ ಬಂದ ಮೇಲೂ ಅಲ್ಲೇ ಉಳಿದವರು. ಮದುವೆ ಪತ್ರಿಕೆ ಕೈಗೆ ಕೊಟ್ಟರೂ ಮೊದಲು ಕಾಣುವುದು ತಪ್ಪೇ ಅಂತೆ, ಆಮೇಲೆ ವಧು, ವರ.

ಹೋಗಲಿ, ಸಿ.ಐ.ಡಿ. ಅಲ್ಲವಲ್ಲ ಅಂತ ಸಮಾಧಾನವಾಗಬೇಕಿತ್ತು. ಆಗಲಿಲ್ಲ. ಸಿ.ಐ.ಡಿ. ಆಗಿದ್ದರೆ ಅಪರಾಧಗಳನ್ನು ಮಾತ್ರ ನೋಡುತ್ತಿದ್ದರು.

ಅವರು ನನಗೆ ಸ್ವಲ್ಪ ಅರ್ಥವಾದದ್ದು ನೀರಿನಿಂದ. ನಮ್ಮ ಬೀದಿಗೆ ಕಾವೇರಿ ನೀರು ದಿನ ಬಿಟ್ಟು ದಿನ, ರಾತ್ರಿಯ ಯಾವುದೋ ಹೊತ್ತಿಗೆ. ಸ್ನಾನಕ್ಕೆ ಓನರ್ ಬೋರ್‌ವೆಲ್ಲಿನ ಉಪ್ಪುಪ್ಪು ನೀರಿತ್ತು. ಕುಡಿಯಲು, ಅಡುಗೆಗೆ ಮಾತ್ರ ಕೆಳಗೆ ಮೆಟ್ಟಿಲ ಪಕ್ಕದ ನಲ್ಲಿಯಿಂದ ಹಿಡಿದು ಮೇಲಕ್ಕೆ ಹೊರಬೇಕು. ಅವರು ಬರುವ ಮೊದಲು ಇದು ದೇವರ ಮೇಲೆ ಭಾರ. ಸಿಕ್ಕರೆ ಹಿಡಿದೆವು, ಇಲ್ಲದಿದ್ದರೆ ಓನರ್ ಆಂಟಿಯ ಹತ್ತಿರ ಹಲ್ಲು ಕಿರಿದು ಎರಡು ಕೊಡ ಇಸಕೊಂಡೆವು.

ಅವರು ಬಂದ ಮೇಲೆ ನೀಲಿ ಡ್ರಮ್ಮು ಬರಿದಾದದ್ದೇ ಇಲ್ಲ. ಒಂದು ರಾತ್ರಿ ನನಗೆ ಎಚ್ಚರವಾಯಿತು. ನಾಲ್ಕರ ಹತ್ತಿರ. ನೀರು ಬರುವ ಮೊದಲು ನಲ್ಲಿ ಗಾಳಿ ಬಿಡುತ್ತದಲ್ಲ, ಬುಸ್ ಅಂತ ಶುರುವಾಗಿ, ಸಣ್ಣಗೆ ಶಿಳ್ಳೆಯಾಗಿ, ಆಮೇಲೆ ಕೆಮ್ಮಿ ಕೆಮ್ಮಿ ಎರಡು ಹನಿ. ಅಷ್ಟರಲ್ಲಿ ಅವರು ಎದ್ದು ಕೂತಿದ್ದರು. ದೀಪ ಹಾಕಲಿಲ್ಲ. ನಾಲ್ಕು ಜನರ ಕಾಲುಗಳ ನಡುವೆ ಒಂದನ್ನೂ ತುಳಿಯದೆ ದಾಟಿ, ಕೊಡ ಕಂಕುಳಲ್ಲಿ ಇರುಕಿಕೊಂಡು, ಬಾಗಿಲನ್ನು ಸದ್ದಾಗದ ಹಾಗೆ ಸ್ವಲ್ಪ ಎತ್ತಿ ತೆರೆದರು. ಆ ಬಾಗಿಲು ಎತ್ತಿದರೆ ಕಿರುಗುಟ್ಟುವುದಿಲ್ಲ ಅಂತ ಎರಡು ವರ್ಷದಿಂದ ಇದ್ದ ನನಗೆ ಗೊತ್ತಿರಲಿಲ್ಲ. ನಾನೂ ಎದ್ದು ಹಿಂದೆ ಹೋದೆ. ನಾಚಿಕೆಗೆ, ಇನ್ನೇನಿಲ್ಲ.

ಕೊಡ ತುಂಬುವಾಗ ಅವರು ಅಷ್ಟು ಮಾತಾಡಿದ್ದು ನಾನು ಮೊದಲು ಕೇಳಿದ್ದೇ ಆಗ. “ಈ ನೀರು ಎಲ್ಲಿಂದ ಬರುತ್ತೆ ಗೊತ್ತಾ ನಿಮಗೆ? ಮಳವಳ್ಳಿ ತಾಲ್ಲೂಕಿನ ತೊರೆಕಾಡನಹಳ್ಳಿಯಿಂದ. ನೂರು ಕಿಲೋಮೀಟರು ಹತ್ತಿರ ಹತ್ತಿರ. ತೊರೆಕಾಡನಹಳ್ಳಿ, ಹಾರೋಹಳ್ಳಿ, ತಾತಗುಣಿ, ಮೂರು ಕಡೆ ಪಂಪ್ ಹಾಕಿ ಅರ್ಧ ಕಿಲೋಮೀಟರ್ ಎತ್ತರಕ್ಕೆ ಎತ್ತುತ್ತಾರೆ. ಒಂದು ಸಲ ಇದರ ಪುಸ್ತಕ ತಿದ್ದಿದ್ದೆ. 1974ರಲ್ಲಿ ಮೊದಲು ಬಂದದ್ದು.” ಕೊಡ ತುಂಬಿತು, ಇನ್ನೊಂದು ಇಟ್ಟರು. “ಅಷ್ಟು ದೂರದಿಂದ ಬಂದವರನ್ನ ಎದ್ದು ಒಳಗೆ ಕರೀಬೇಕು, ಅಲ್ವಾ?”

ನೀರಿಗೂ ಬಹುವಚನ. ಬೆಳಿಗ್ಗೆ ಹಾಸನನಿಗೆ ಹೇಳಿದೆ. ಅವನು ಬಿದ್ದು ಬಿದ್ದು ನಕ್ಕ. ನಕ್ಕು ಮುಗಿಸಿ ಡ್ರಮ್ಮಿನಿಂದ ಒಂದು ಲೋಟ ನೀರು ಮೊಗೆದು ಕುಡಿದ. ಲೋಟ ತೊಳೆದಿಟ್ಟ.

ಕಾರ್ತಿಕದ ಕೊನೇ ಸೋಮವಾರ ಬಸವನಗುಡಿಯ ಕಡಲೆಕಾಯಿ ಪರಿಷೆ. ಅವರು ಎರಡು ಸೇರು ಹಸಿ ಕಡಲೆಕಾಯಿ ತಂದು ಉಪ್ಪು ಹಾಕಿ ಬೇಯಿಸಿದರು. ಎಲ್ಲರೂ ಸುತ್ತ ಕೂತೆವು. ಸಿಪ್ಪೆಯನ್ನು ನಾವು ಎಲ್ಲೆಂದರಲ್ಲಿ ಹಾಕುತ್ತಿದ್ದೆವು, ಅವರು ಪೇಪರ್ ಮೇಲೆ. ಸ್ವಲ್ಪ ಹೊತ್ತಿಗೆ ನೋಡಿದರೆ ಎಲ್ಲರ ಸಿಪ್ಪೆಯೂ ಪೇಪರ್ ಮೇಲೇ ಬೀಳುತ್ತಿತ್ತು. ಅವತ್ತು ಶಿರಸಿಯೂ ಹಾಸನನೂ ಮತ್ತೆ ಮಾತಾಡಿದರು. 312 ರೂಪಾಯಿಯ ವಿಷಯ ಹಾಗೇ ಉಳಿಯಿತು, ಈಗಲೂ ಉಳಿದಿದೆ.

ಡಿಸೆಂಬರಿನಲ್ಲಿ ಅಡಿಲೇಡ್ ಟೆಸ್ಟು. ಆಸ್ಟ್ರೇಲಿಯಾದ ಬೆಳಗ್ಗೆ ನಮ್ಮ ನಸುಕು. ಬಾಡಿಗೆ ಟಿ.ವಿ. ತಂದಿದ್ದೆವು. ಅವರ ಜೊತೆ ಇಡೀ ಮನೆ ಕತ್ತಲಲ್ಲಿ ಎದ್ದದ್ದು ಆಗ ಮಾತ್ರ. ದ್ರಾವಿಡ್ ಆಡುತ್ತಲೇ ಇದ್ದ, ಆಡುತ್ತಲೇ ಇದ್ದ. 233. ಒಂದು ಬಾಲನ್ನೂ ಅವಮಾನ ಮಾಡಲಿಲ್ಲ. ಹಾಸನ, “ನೋಡ್ರೋ, ಇವನು ಬಾಲ್‌ಗೂ ನೀವು ಅಂತಾನೆ” ಅಂದ. ತಕ್ಷಣ ನಾಲಿಗೆ ಕಚ್ಚಿಕೊಂಡ. ಬಾಗಿಲಿಗೆ ಒರಗಿ ನಿಂತಿದ್ದ ಅವರು ಮೊದಲ ಸಲ ಜೋರಾಗಿ ನಕ್ಕರು. ಅವರಿಗೆ ಎಲ್ಲವೂ ಗೊತ್ತಿತ್ತು, ಅಡ್ಡಹೆಸರೂ. ಐದನೇ ದಿನ ಅದೇ ದ್ರಾವಿಡ್ ಗೆಲುವಿನ ಬೌಂಡರಿ ಹೊಡೆದಾಗ ಬಳ್ಳಾರಿ ಹೋಗಿ ಅವರನ್ನು ತಬ್ಬಿಕೊಂಡ. ತಬ್ಬಿದ ಮೇಲೆ ಏನು ಮಾಡುವುದು ತಿಳಿಯದೆ ಇಬ್ಬರೂ ಸ್ವಲ್ಪ ಹೊತ್ತು ಹಾಗೇ ನಿಂತಿದ್ದರು.

ನನಗೊಮ್ಮೆ ಜ್ವರ ಬಂದಿತ್ತು, ಸಂಕ್ರಾಂತಿಯ ಆಸುಪಾಸು. ಉಳಿದವರು ಊರಿಗೆ ಹೋಗಿದ್ದರು. ರಾತ್ರಿ ಯಾರೋ ನನ್ನ ಕತ್ತಿನ ಹಿಂದೆ ಕೈ ಕೊಟ್ಟು ಎಬ್ಬಿಸಿ, “ಏಳು, ಎರಡು ಗುಟುಕು ಕುಡಿ. ಹಟ ಮಾಡಬೇಡ” ಅಂದರು. ಗಂಜಿ. ಬಿಸಿ ಸರಿಯಾಗಿತ್ತು. ಬೆಳಿಗ್ಗೆ ಕಣ್ಣು ಬಿಟ್ಟಾಗ ಅವರು ಕೊಡೆ ಹಿಡಿದು ಹೊರಟಿದ್ದರು. “ನೀವು ಇವತ್ತು ರಜೆ ಹಾಕಿಬಿಡಿ” ಅಂದರು. ರಾತ್ರಿಯ ಏಕವಚನ ಯಾರಿಗೆ ಸೇರಿದ್ದು, ನನಗೋ, ಭಾನುವಾರದ ಕಾಯಿನ್ ಬಾಕ್ಸಿನ ಆ ಕಡೆ ಇದ್ದವರಿಗೋ, ನಾನು ಕೇಳಲಿಲ್ಲ.

ಏಪ್ರಿಲ್‌ನಲ್ಲಿ ಅವರು ಹೊರಟರು. ಎಲ್ಲಿಗೆ ಅಂದರೆ, “ಊರಿಗೆ” ಅಂದರು. ಯಾವ ಊರು ಅಂತ ಆಗಲೂ ಕೇಳಲಿಲ್ಲ ನೋಡಿ. ಕಾನೂನಿನ ಪ್ರಕಾರ ತಮ್ಮ ಜಾಗಕ್ಕೆ ಒಬ್ಬ ಹುಡುಗನನ್ನು ಕೊಟ್ಟರು. ಅವರದೇ ಪ್ರೆಸ್ಸಿನಲ್ಲಿ ಡಿ.ಟಿ.ಪಿ., ಅಂದರೆ ಕಂಪ್ಯೂಟರಿನಲ್ಲಿ ಪುಟ ಜೋಡಿಸುವ ಕೆಲಸ, ಮಾಡುವವನು. ತುಮಕೂರು. ಬಂದ ಅರ್ಧ ಗಂಟೆಯಲ್ಲೇ “ಏನ್ ಮಗಾ” ಅಂದ, ನನ್ನ ಟವಲ್ಲಿನಲ್ಲಿ ಮುಖ ಒರೆಸಿಕೊಂಡ, ಕಾಫಿ ಕುಡಿದ ಲೋಟವನ್ನು ಕಿಟಕಿಯ ಮೇಲಿಟ್ಟ. ನಮ್ಮವನೇ. ಎಲ್ಲರಿಗೂ ಹಾಯೆನಿಸಬೇಕಿತ್ತು. ಆ ಲೋಟ ಅಲ್ಲೇ ಕೂತಿತ್ತು, ನಾಲ್ಕು ಜನರೂ ಆಗಾಗ ಅದನ್ನೇ ನೋಡುತ್ತಿದ್ದೆವು.

ಆ ರಾತ್ರಿ ನಾಲ್ಕರ ಹೊತ್ತಿಗೆ ಕೆಳಗೆ ನಲ್ಲಿ ಬುಸ್ ಅಂದಿತು. ಶಿಳ್ಳೆ ಹಾಕಿತು. ಕೆಮ್ಮಿತು. ನೀರು ಕಲ್ಲಿನ ಮೇಲೆ ಬೀಳತೊಡಗಿತು. ಯಾರೂ ಏಳಲಿಲ್ಲ. ಆದರೆ ಎಲ್ಲರಿಗೂ ಎಚ್ಚರವಾಗಿತ್ತು. ಹೇಗೆ ಗೊತ್ತು ಅಂದರೆ, ತುಮಕೂರು ಒಬ್ಬನನ್ನು ಬಿಟ್ಟು ಯಾರ ಗೊರಕೆಯೂ ಕೇಳಿಸುತ್ತಿರಲಿಲ್ಲ.